ದಾರಿ ಹೇಳುವುದು, ದಾರಿ ಬಿಡುವುದು

ಕೇಳುಗರಿಗೆ ನಮಸ್ಕಾರ.

ಇಂದು ನಾನು ಒಂದೇ ಒಂದು ಇಂಗ್ಲಿಷ್ ಪದದ ಬಗ್ಗೆ ಮಾತನಾಡಲು ಬಂದಿದ್ದೇನೆ. ಆ ಪದ ‘ನ್ಯಾವಿಗೇಷನಲ್’. ವ್ಯಾಕರಣದಲ್ಲಿ ಗುಣವಾಚಕ. ಅದರ ಪಕ್ಕದ ಮನೆಯಲ್ಲೇ ಇನ್ನೊಂದು ಗುಣವಾಚಕವಿದೆ, ‘ನ್ಯಾವಿಗಬಲ್’. ಇವೆರಡನ್ನೂ ಒಂದೇ ಎಂದುಕೊಂಡು ಬರೆಯುವವರನ್ನು ಮೂವತ್ತು ವರ್ಷ ತರಗತಿಯಲ್ಲಿ ನೋಡಿದ್ದೇನೆ, ನಿವೃತ್ತಳಾದ ಮೇಲೆ ಕರಡು ತಿದ್ದುವಾಗಲೂ ನೋಡುತ್ತಿದ್ದೇನೆ. ಹತ್ತು ನಿಮಿಷದಲ್ಲಿ ಈ ಗೊಂದಲ ನಿಮ್ಮ ಮನೆಯಿಂದಲಾದರೂ ಹೊರಗೆ ಹೋಗಬೇಕು ಎಂಬುದು ನನ್ನ ಆಸೆ.

ಸ್ಟುಡಿಯೋದಲ್ಲಿ ಕುಳಿತ ನನಗೆ ನೀವು ಕಾಣುವುದಿಲ್ಲ. ಆದರೂ ಒಲೆಯ ಮೇಲೆ ಸಾರು ಇಟ್ಟು ರೇಡಿಯೋ ಹಾಕಿಕೊಂಡಿರುವ ತಾಯಿಯನ್ನು, ಪಕ್ಕದಲ್ಲಿ ಪುಸ್ತಕ ಬಿಡಿಸಿಕೊಂಡು ಕುಳಿತಿರುವ ಪಿಯುಸಿ ಓದುವ ಮಗಳನ್ನು, ಕಚೇರಿಯಲ್ಲಿ ಇಂಗ್ಲಿಷ್ ಕಡತವನ್ನು ಕನ್ನಡಕ್ಕೆ ತಂದು ಸುಸ್ತಾಗಿ ಬಸ್ಸಿನಲ್ಲಿ ಮನೆಗೆ ಹೊರಟಿರುವ ಗುಮಾಸ್ತರನ್ನು ನೆನೆದುಕೊಂಡು ಮಾತನಾಡುತ್ತಿದ್ದೇನೆ. ಹಾಗಾಗಿ ತಿರುಳನ್ನು ಮೊದಲೇ ಹೇಳಿಬಿಡುತ್ತೇನೆ. ನ್ಯಾವಿಗೇಷನಲ್ ಎಂದರೆ ದಾರಿ ಹೇಳುವ ಕೆಲಸಕ್ಕೆ ಸೇರಿದ್ದು. ನ್ಯಾವಿಗಬಲ್ ಎಂದರೆ ದಾರಿ ಬಿಡುವಂಥದ್ದು. ದಾರಿ ಹೇಳುವುದು ಬೇರೆ, ದಾರಿ ಬಿಡುವುದು ಬೇರೆ. ಇಷ್ಟೇ. ಉಳಿದದ್ದೆಲ್ಲ ಇದರ ವಿವರಣೆ.

ಪದದ ಹುಟ್ಟನ್ನು ಸ್ವಲ್ಪ ನೋಡೋಣ. ಲ್ಯಾಟಿನ್ ಭಾಷೆಯಲ್ಲಿ ‘ನಾವಿಸ್’ ಎಂದರೆ ಹಡಗು, ‘ಆಗೆರೆ’ ಎಂದರೆ ನಡೆಸು. ಎರಡೂ ಕೂಡಿ ‘ನಾವಿಗಾರೆ’, ಹಡಗು ನಡೆಸು. ಅಲ್ಲಿಂದ ಇಂಗ್ಲಿಷಿನ ‘ನ್ಯಾವಿಗೇಟ್’, ‘ನ್ಯಾವಿಗೇಷನ್’. ‘ನಾವಿಸ್’ ಎಂದ ಕೂಡಲೇ ನಿಮ್ಮ ಕಿವಿಗೆ ನಮ್ಮ ‘ನಾವೆ’, ‘ನಾವಿಕ’, ‘ನೌಕೆ’ ಕೇಳಿಸಿರಬೇಕು. ಕೇಳಿಸಲೇಬೇಕು, ಏಕೆಂದರೆ ಸಂಸ್ಕೃತದ ‘ನೌ’ ಮತ್ತು ಲ್ಯಾಟಿನ್ನಿನ ‘ನಾವಿಸ್’ ಒಂದೇ ತಾಯಿಬೇರಿನ ಮಕ್ಕಳು. ಆದರೆ ಇಲ್ಲಿ ಒಂದು ಮಾತನ್ನು ಒತ್ತಿ ಹೇಳಬೇಕು. ಮೊಬೈಲಿನಲ್ಲಿ ವರ್ಷಕ್ಕೆರಡು ಬಾರಿ ಒಂದು ಸಂದೇಶ ಸುತ್ತುತ್ತದೆ: ನ್ಯಾವಿಗೇಷನ್ ಎಂಬ ಪದ ಸಂಸ್ಕೃತದ ‘ನವಗತಿ’ಯಿಂದ ಹುಟ್ಟಿತು ಎಂದು. ಹಾಗಲ್ಲ. ಇವು ಅಕ್ಕತಂಗಿಯರು, ತಾಯಿಮಗಳಲ್ಲ. ಅಕ್ಕತಂಗಿಯರ ನಂಟೇನು ಕಡಿಮೆಯದೇ? ಇರುವ ನಂಟನ್ನು ಬಿಟ್ಟು ಇಲ್ಲದ ನಂಟನ್ನು ಏಕೆ ಹೆಣೆಯುತ್ತಾರೋ, ನನಗೆ ನಿಜವಾಗಿಯೂ ಬೇಸರವಾಗುತ್ತದೆ. ದಯವಿಟ್ಟು ಆ ಸಂದೇಶವನ್ನು ಮುಂದಕ್ಕೆ ಕಳುಹಿಸಬೇಡಿ.

ಇನ್ನು ಅರ್ಥಕ್ಕೆ ಬರೋಣ. ಉಡುಪಿ ಜಿಲ್ಲೆಯ ಕಾಪುವಿನಲ್ಲಿ ಬಂಡೆಯ ಮೇಲೆ ನಿಂತಿರುವ ದೀಪಸ್ತಂಭವನ್ನು ನಿಮ್ಮಲ್ಲಿ ಹಲವರು ನೋಡಿದ್ದೀರಿ. 1901ರಲ್ಲಿ ಕಟ್ಟಿದ್ದು. ಅದರ ಕೆಲಸ ಕತ್ತಲೆಯಲ್ಲಿ ಹಡಗಿನವರಿಗೆ ‘ಇಲ್ಲಿ ದಡವಿದೆ, ನೀನು ಇರುವುದು ಇಂಥ ಕಡೆ’ ಎಂದು ತಿಳಿಸುವುದು. ಆ ಕೆಲಸಕ್ಕೆ ಹೊಂದುವ ಪದ ನ್ಯಾವಿಗೇಷನಲ್. ಆದರೆ ಆ ದೀಪ ಸಮುದ್ರದ ನೀರಿನ ಆಳವನ್ನು ಒಂದು ಅಂಗುಲವೂ ಹೆಚ್ಚಿಸುವುದಿಲ್ಲ. ಹಡಗು ಅಲ್ಲಿ ಸಾಗುತ್ತದೋ ತಳಕಚ್ಚುತ್ತದೋ ಎಂಬುದನ್ನು ತೀರ್ಮಾನಿಸುವುದು ನೀರು. ಆ ನೀರಿಗೆ ಹೊಂದುವ ಪದ ನ್ಯಾವಿಗಬಲ್. ದೀಪ ದಾರಿ ಹೇಳುತ್ತದೆ, ನೀರು ದಾರಿ ಬಿಡುತ್ತದೆ.

ಇದು ನನಗೆ ಪುಸ್ತಕದಿಂದ ಗೊತ್ತಿತ್ತು. ಮನಸ್ಸಿಗೆ ನಾಟಿದ್ದು ಮಾತ್ರ ಬೆಂಗಳೂರಿನ ಒಬ್ಬ ಆಟೋ ಚಾಲಕರಿಂದ. ಆ ಘಟನೆಯನ್ನು ಹೇಳದೆ ನಾನು ಈ ಪದವನ್ನು ಯಾರಿಗೂ ಕಲಿಸಿಲ್ಲ. ಇಂದೂ ಹೇಳುತ್ತೇನೆ.

ಕೆಲವು ವರ್ಷಗಳ ಹಿಂದಿನ ಒಂದು ಮೇ ತಿಂಗಳ ಸಂಜೆ. ಮಲ್ಲೇಶ್ವರದಿಂದ ಮೆಜೆಸ್ಟಿಕ್ಕಿಗೆ ಹೋಗಬೇಕಿತ್ತು, ಮೈಸೂರಿನ ಬಸ್ಸು ಹಿಡಿಯಲು. ಚೀಲದಲ್ಲಿ ಒಂದು ಸಂಸ್ಥೆಯ ಕೈಪಿಡಿಯ ಕರಡಚ್ಚು. ಅದರಲ್ಲಿ ‘ನ್ಯಾವಿಗಬಲ್ ಎರರ್’ ಎಂದು ಮೂರು ಕಡೆ ಬರೆದಿದ್ದರು. ಸಾಗಬಹುದಾದ ತಪ್ಪು! ತಪ್ಪಿನೊಳಗೆ ಯಾರು ದೋಣಿ ಬಿಡುತ್ತಾರೆ? ಕೆಂಪು ಶಾಯಿಯಲ್ಲಿ ಸುತ್ತು ಹಾಕಿದ್ದೆ, ಆದರೆ ಬರೆದವರಿಗೆ ವ್ಯತ್ಯಾಸವನ್ನು ಹೇಗೆ ತಿಳಿಸಲಿ ಎಂಬುದು ಹೊಳೆದಿರಲಿಲ್ಲ.

ಆಟೋ ಹತ್ತಿದ ಹತ್ತು ನಿಮಿಷಕ್ಕೆ ಮಳೆ ಹೊಡೆಯಿತು. ಬೆಂಗಳೂರಿನ ಮೇ ತಿಂಗಳ ಮಳೆ ಹೇಗೆ ಎಂದು ನಿಮಗೆ ಹೇಳಬೇಕಾಗಿಲ್ಲ. ಗುಲ್‌ಮೊಹರ್ ಹೂವೆಲ್ಲ ಉದುರಿ ರಸ್ತೆಯ ಅಂಚಿನಲ್ಲಿ ಕೆಂಪಗೆ ಹರಿಯುತ್ತಿತ್ತು. ಚಾಲಕರಿಗೆ ಅರವತ್ತರ ಹತ್ತಿರ ವಯಸ್ಸು. ಎರಡೂ ಕಡೆಯ ಪರದೆ ಇಳಿಸಿ, ಕನ್ನಡಿ ಒರೆಸಿ, ನಿಧಾನವಾಗಿ ಓಡಿಸುತ್ತಿದ್ದರು. ನನ್ನ ಕೈಯಲ್ಲಿ ಮೊಬೈಲಿನ ನಕ್ಷೆ. ಅದು ಹೇಳಿದ್ದು ಅತಿ ಹತ್ತಿರದ ದಾರಿ, ರೈಲು ಹಳಿಯ ಕೆಳಗೆ ಹಾದುಹೋಗುವ ಒಂದು ಅಂಡರ್‌ಪಾಸ್. ‘ನೇರವಾಗಿ ಇನ್ನೂರು ಮೀಟರ್’ ಎಂದು ಫೋನು ಉಲಿಯುತ್ತಲೇ ಇತ್ತು.

ಇಳಿಜಾರು ಶುರುವಾಗುವ ಕಡೆ ಅವರು ಗಾಡಿ ನಿಲ್ಲಿಸಿದರು. ‘ಒಂದು ನಿಮಿಷ ಇರಿ ಅಮ್ಮ’ ಎಂದು ಇಳಿದು, ಪ್ಯಾಂಟನ್ನು ಮೊಣಕಾಲಿನವರೆಗೆ ಮಡಚಿ, ನಾಲ್ಕು ಹೆಜ್ಜೆ ಮುಂದೆ ಹೋಗಿ ಗೋಡೆಯತ್ತ ಬೆರಳು ತೋರಿಸುತ್ತ ಏನನ್ನೋ ಎಣಿಸಿದರು. ಹಿಂತಿರುಗಿ ಬಂದು, ‘ಈ ಕಡೆ ಬೇಡ ಅಮ್ಮ, ಸುತ್ತಿಕೊಂಡು ಹೋಗೋಣ’ ಎಂದರು.

ನನಗೆ ಬಸ್ಸಿನ ಚಿಂತೆ. ಫೋನನ್ನು ಅವರ ಮುಂದೆ ಹಿಡಿದು, ‘ನೋಡಿ, ದಾರಿ ಸರಿಯಾಗಿಯೇ ತೋರಿಸುತ್ತಿದೆ’ ಎಂದೆ. ಅವರು ಫೋನನ್ನು ಗಮನವಿಟ್ಟು ನೋಡಿದರು, ತಳ್ಳಿಹಾಕಲಿಲ್ಲ. ‘ಸರಿಯಾಗಿಯೇ ಹೇಳುತ್ತಿದೆ ಅಮ್ಮ, ಇದೇ ದಾರಿ. ಅದಕ್ಕೆ ದಾರಿ ಗೊತ್ತು, ನೀರು ಗೊತ್ತಿಲ್ಲ’ ಎಂದರು.

ಆಮೇಲೆ ಗೋಡೆಯನ್ನು ತೋರಿಸಿದರು. ಅದು ಸೈಜುಗಲ್ಲಿನ ಗೋಡೆ. ಕೆಳಗಿನ ತಗ್ಗಿನಿಂದ ಮೇಲಿನವರೆಗೆ ಒಂಬತ್ತು ಸಾಲು ಕಲ್ಲು. ‘ಎಂಟು ಸಾಲು ಕಂಡರೆ ಗಾಡಿ ಇಳಿಸುತ್ತೇನೆ. ಏಳು ಕಂಡರೆ ಮುಂದೆ ಹೋದ ಗಾಡಿ ದಾಟಿತೋ ಇಲ್ಲವೋ ನೋಡುತ್ತೇನೆ. ಈಗ ಆರೇ ಕಾಣುತ್ತಿವೆ. ನಮ್ಮ ಗಾಡಿಗೆ ಇಂಜಿನ್ ಹಿಂದೆ, ತಗ್ಗಿನಲ್ಲಿ. ಸೈಲೆನ್ಸರಿಗೆ ನೀರು ನುಗ್ಗಿದರೆ ನಾಳೆಯ ದುಡಿಮೆಯೂ ಹೋಯಿತು’ ಎಂದರು. ನಾವು ಹೀಗೆ ಮಾತನಾಡುತ್ತಿರುವಾಗಲೇ ಕೆಳಗಿನಿಂದ ಇಬ್ಬರು ಹುಡುಗರು ಕೆಟ್ಟುನಿಂತ ಸ್ಕೂಟರನ್ನು ತಳ್ಳಿಕೊಂಡು ಬಂದರು. ನೀರು ಅದರ ಕಾಲಿಡುವ ಹಲಗೆಯಿಂದ ಸುರಿಯುತ್ತಿತ್ತು.

ಕೇಳುಗರೇ, ನಾನು ಹುಡುಕುತ್ತಿದ್ದ ವಿವರಣೆ ಅಲ್ಲಿ ನೀರಿನಲ್ಲಿ ನಿಂತಿತ್ತು. ಫೋನಿನ ನಕ್ಷೆ ನ್ಯಾವಿಗೇಷನಲ್. ಅದು ತನ್ನ ಕೆಲಸವನ್ನು ತಪ್ಪಿಲ್ಲದೆ ಮಾಡಿತ್ತು. ರಸ್ತೆ ನ್ಯಾವಿಗಬಲ್ ಆಗಿರಲಿಲ್ಲ. ದಾರಿ ಹೇಳಿದ್ದು ಸರಿಯಾಗಿತ್ತು, ದಾರಿ ಬಿಟ್ಟಿರಲಿಲ್ಲ. ಇನ್ನೂ ಒಂದು ಸೊಗಸು ನೋಡಿ. ಆ ಗೋಡೆ ಕಟ್ಟಿದವರು ಮಣ್ಣು ಕುಸಿಯದಿರಲಿ ಎಂದು ಕಟ್ಟಿದ್ದು. ಆದರೆ ಆ ಚಾಲಕರ ಕಣ್ಣಿಗೆ ಕಲ್ಲಿನ ಒಂದೊಂದು ಸಾಲೂ ಒಂದು ಗುರುತು, ಇಂಗ್ಲಿಷಿನಲ್ಲಿ ಹೇಳುವುದಾದರೆ ನ್ಯಾವಿಗೇಷನಲ್ ಮಾರ್ಕ್. ಹಿನ್ನೀರಿನಲ್ಲಿ ದೋಣಿ ನಡೆಸುವ ಅಂಬಿಗನು ದಡದ ಮರವನ್ನೋ ಬಂಡೆಯನ್ನೋ ಗುರುತು ಹಿಡಿಯುವುದಕ್ಕೂ ಇದಕ್ಕೂ ಏನು ವ್ಯತ್ಯಾಸ? ‘ಹೋಗು’ ಎನ್ನುವುದಷ್ಟೇ ದಾರಿ ಹೇಳುವುದಲ್ಲ, ‘ಬೇಡ, ನಿಲ್ಲು’ ಎನ್ನುವುದೂ ದಾರಿ ಹೇಳುವುದೇ.

ಸುತ್ತಿಕೊಂಡು ಹೋದೆವು. ಬಸ್ಸು ಹೋಗಿತ್ತು, ಮುಂದಿನದು ಸಿಕ್ಕಿತು. ಅದರಲ್ಲಿ ಕುಳಿತು ಕರಡಿನ ಮೂರೂ ಕಡೆ ‘ನ್ಯಾವಿಗೇಷನಲ್ ಎರರ್’ ಎಂದು ತಿದ್ದಿ, ಅಂಚಿನಲ್ಲಿ ಬರೆದೆ: ದಾರಿ ಹೇಳುವಲ್ಲಿ ಆಗುವ ತಪ್ಪು.

ಗಡಿಯಾರ ನನ್ನನ್ನು ನೋಡುತ್ತಿದೆ, ಉಳಿದದ್ದನ್ನು ಬೇಗ ಹೇಳುತ್ತೇನೆ.

ನ್ಯಾವಿಗಬಲ್ ಪದವನ್ನು ಹೆಚ್ಚಾಗಿ ಕಾಣುವುದು ನದಿಗಳ ವಿಷಯದಲ್ಲಿ. 2016ರ ರಾಷ್ಟ್ರೀಯ ಜಲಮಾರ್ಗಗಳ ಕಾಯ್ದೆಯ ಪಟ್ಟಿಯಲ್ಲಿ 111 ಜಲಮಾರ್ಗಗಳಿವೆ. ನಮ್ಮ ಕಾಳಿ, ಶರಾವತಿ, ನೇತ್ರಾವತಿಗಳೂ ಅದರಲ್ಲಿವೆ. ಪಟ್ಟಿಯಲ್ಲಿ ಹೆಸರು ಬಂದ ಮಾತ್ರಕ್ಕೆ ನದಿಯ ಉದ್ದಕ್ಕೂ ಹಡಗು ಓಡುವುದಿಲ್ಲ. ಆಳ, ಅಗಲ, ಹೂಳು ಇವನ್ನು ನೋಡಿಯೇ ಇಷ್ಟು ದೂರ ನ್ಯಾವಿಗಬಲ್ ಎಂದು ಹೇಳಬೇಕಾಗುತ್ತದೆ.

ನ್ಯಾವಿಗೇಷನಲ್‌ಗೆ ಅತ್ಯುತ್ತಮ ಉದಾಹರಣೆ ನಮ್ಮ ಪಕ್ಕದಲ್ಲೇ ಇದೆ. ಬೆಂಗಳೂರಿನಿಂದ ಸುಮಾರು 40 ಕಿಲೋಮೀಟರ್ ದೂರದ ಬ್ಯಾಲಾಳುವಿನಲ್ಲಿ ಇಸ್ರೋ ಸಂಸ್ಥೆಯ ನ್ಯಾವಿಗೇಷನ್ ಕೇಂದ್ರವಿದೆ. ನಮ್ಮದೇ ದಾರಿ ತೋರುವ ಉಪಗ್ರಹಗಳ ವ್ಯವಸ್ಥೆಗೆ 2016ರಲ್ಲಿ ಇಟ್ಟ ಹೆಸರು ‘ನಾವಿಕ್’. ಎಷ್ಟು ಚೆಂದದ ಹೆಸರು! ಇಂಗ್ಲಿಷ್ ಅಕ್ಷರಗಳನ್ನು ಕೂಡಿಸಿ ಮಾಡಿದ್ದಾದರೂ ಕಿವಿಗೆ ಬೀಳುವುದು ನಮ್ಮ ನಾವಿಕನೇ. ಆ ಉಪಗ್ರಹಗಳ ಒಳಗೆ ಪರಮಾಣು ಗಡಿಯಾರಗಳಿವೆ. ಸಂಕೇತ ಹೊರಟ ಹೊತ್ತಿಗೂ ನಮಗೆ ತಲುಪಿದ ಹೊತ್ತಿಗೂ ಇರುವ ಅಂತರದಿಂದ ದೂರವನ್ನು ಅಳೆಯುತ್ತಾರೆ. ಗಡಿಯಾರ ಒಂದು ಸೆಕೆಂಡಿನ ಹತ್ತು ಲಕ್ಷದಲ್ಲಿ ಒಂದು ಪಾಲು ತಪ್ಪಿದರೂ ಅಳತೆ ಸುಮಾರು 300 ಮೀಟರ್ ತಪ್ಪುತ್ತದೆ. ಮಲ್ಲೇಶ್ವರದಲ್ಲಾದರೆ ಎರಡು ಮೂರು ಅಡ್ಡರಸ್ತೆಗಳ ಆಚೆ. ಅದು ನ್ಯಾವಿಗೇಷನಲ್ ಎರರ್. ಇದನ್ನು ಕನ್ನಡಕ್ಕೆ ತರುವವರಲ್ಲಿ ಒಂದು ವಿನಂತಿ: ‘ನ್ಯಾವಿಗೇಷನಲ್ ಸ್ಯಾಟಲೈಟ್’ ಎಂಬುದನ್ನು ‘ನೌಕಾ ಉಪಗ್ರಹ’ ಎನ್ನಬೇಡಿ. ಓದಿದವರು ಅದು ನೌಕಾಪಡೆಯದೆಂದು ತಿಳಿಯುತ್ತಾರೆ. ‘ಪಥದರ್ಶಕ ಉಪಗ್ರಹ’ ಎನ್ನಿ. ‘ದಾರಿತೋರುವ ಉಪಗ್ರಹ’ ಎಂದರೆ ಇನ್ನೂ ಒಳ್ಳೆಯದು.

ಹಡಗಿನಿಂದ ಹೊರಟ ಪದ ಕಂಪ್ಯೂಟರಿಗೂ ಬಂದಿದೆ. ಜಾಲತಾಣದ ನೆತ್ತಿಯ ಮೇಲೆ ‘ಮುಖಪುಟ’, ‘ಸುದ್ದಿ’, ‘ಸಂಪರ್ಕ’ ಎಂದು ಸಾಲಾಗಿರುತ್ತದಲ್ಲ, ಅದು ನ್ಯಾವಿಗೇಷನಲ್ ಮೆನು. 2002ರಲ್ಲಿ ಆಂಡ್ರೇ ಬ್ರೋಡರ್ ಎಂಬ ಗಣಕ ವಿಜ್ಞಾನಿ ಅಂತರ್ಜಾಲದ ಹುಡುಕಾಟಗಳನ್ನು ಮೂರು ಬಗೆಯಾಗಿ ವಿಂಗಡಿಸಿದರು. ಮಾಹಿತಿ ಬೇಕೆಂದು ಹುಡುಕುವುದು ಒಂದು, ಏನನ್ನಾದರೂ ಕೊಳ್ಳಲು ಅಥವಾ ಇಳಿಸಿಕೊಳ್ಳಲು ಹುಡುಕುವುದು ಇನ್ನೊಂದು. ಮೂರನೆಯದು, ಹೋಗಬೇಕಾದ ತಾಣ ಮೊದಲೇ ಗೊತ್ತಿದ್ದು ಅಲ್ಲಿಗೆ ತಲುಪಲಷ್ಟೇ ಅದರ ಹೆಸರು ಬರೆಯುವುದು. ಈ ಮೂರನೆಯದನ್ನು ಅವರು ಕರೆದದ್ದು ನ್ಯಾವಿಗೇಷನಲ್ ಎಂದು. ರೈಲು ಟಿಕೆಟಿನ ತಾಣದ ಹೆಸರನ್ನು ಅರ್ಧ ಬರೆದು ಒತ್ತುತ್ತೀರಲ್ಲ, ಅದೇ. ಇಲ್ಲಿಯೂ ಸೂತ್ರ ಬದಲಾಗಿಲ್ಲ. ಮೆನು ದಾರಿ ಹೇಳುತ್ತದೆ. ತಾಣದಲ್ಲಿ ತಡವರಿಸದೆ ಓಡಾಡಲು ಆಗುವುದಾದರೆ ಆ ತಾಣ ನ್ಯಾವಿಗಬಲ್.

ವಿದ್ಯಾರ್ಥಿಗಳಿಗೆ ಎರಡು ಮಾತು. ಪರೀಕ್ಷೆಯಲ್ಲಿ ಅನುಮಾನ ಬಂದರೆ ‘ಇದರಲ್ಲಿ ಸಾಗಬಹುದೇ?’ ಎಂದು ಕೇಳಿಕೊಳ್ಳಿ. ಆ ಪ್ರಶ್ನೆ ಹೊಂದಿದರೆ ನ್ಯಾವಿಗಬಲ್ ಬರೆಯಿರಿ. ನದಿ, ಕಾಲುವೆ, ರಸ್ತೆಗೆ ಹೊಂದುತ್ತದೆ; ನಕ್ಷೆ, ದೀಪ, ಉಪಕರಣ, ತಪ್ಪು ಇವಕ್ಕೆ ಹೊಂದುವುದಿಲ್ಲ. ಇನ್ನೊಂದು, ನ್ಯಾವಿಗೇಷನಲ್ ಪದದ ಹಿಂದೆ ‘ವೆರಿ’ ಸೇರಿಸಬೇಡಿ. ಅದು ಹೆಚ್ಚು ಕಡಿಮೆ ಆಗುವ ಗುಣವಲ್ಲ, ಯಾವ ಕೆಲಸಕ್ಕೆ ಸೇರಿದ್ದು ಎಂದು ಹೇಳುವ ಪದ. ‘ಬಹಳ ಗಣಿತದ ಪುಸ್ತಕ’ ಎಂದು ಯಾರಾದರೂ ಹೇಳುತ್ತಾರೆಯೇ?

ಕೊನೆಯದಾಗಿ ಉಚ್ಚಾರಣೆ. ನ್ಯಾವಿಗೇಷನಲ್ ಎನ್ನುವಾಗ ಒತ್ತು ‘ಗೇ’ ಮೇಲೆ. ನ್ಯಾವಿಗಬಲ್ ಎನ್ನುವಾಗ ಒತ್ತು ಮೊದಲ ‘ನ್ಯಾ’ ಮೇಲೆ, ‘ಗ’ ಮೆತ್ತಗೆ, ಮಧ್ಯದಲ್ಲಿ ‘ಟ’ ಇಲ್ಲವೇ ಇಲ್ಲ. ‘ನ್ಯಾವಿಗೇಟಬಲ್’ ಎಂದು ಬರೆದ ಕರಡುಗಳು ಈಗಲೂ ನನ್ನ ಮೇಜಿಗೆ ಬರುತ್ತವೆ. ಆ ‘ಟ’ವನ್ನು ಇಂದೇ ಹೊಡೆದುಹಾಕಿ.

ಇಷ್ಟು ಹೊತ್ತು ಕೇಳಿದ್ದಕ್ಕೆ ಕೃತಜ್ಞತೆಗಳು. ನಮಸ್ಕಾರ.