ಕಾಳಿಗೆ ನೆಟ್ಟ ಕಲ್ಲು

ಕೇಳುಗರಿಗೆ ನಮಸ್ಕಾರ.

ಬೆಂಗಳೂರಿನ ಕಸ್ತೂರಬಾ ರಸ್ತೆಯ ಸರ್ಕಾರಿ ವಸ್ತುಸಂಗ್ರಹಾಲಯದಲ್ಲಿ ಒಂದು ಕಲ್ಲಿದೆ. ಅದರಲ್ಲಿ ಕೆತ್ತಿರುವುದು ರಾಜನನ್ನಲ್ಲ, ದೇವರನ್ನೂ ಅಲ್ಲ. ಕಾಡುಹಂದಿಯ ಮೇಲೆರಗಿದ ಒಂದು ನಾಯಿಯನ್ನು. ಮಂಡ್ಯ ಜಿಲ್ಲೆ ಮದ್ದೂರು ತಾಲ್ಲೂಕಿನ ಆತಕೂರಿನಿಂದ ಬಂದ ಕಲ್ಲು ಅದು. ಕಾಲ ಕ್ರಿ.ಶ. 950ರ ಆಸುಪಾಸು.

ಇತಿಹಾಸದವರಿಗೆ ಈ ಶಾಸನ ಬೇಕಾಗುವುದು ತಕ್ಕೋಲದ ಯುದ್ಧಕ್ಕಾಗಿ. ಗಂಗರ ಬೂತುಗ ಚೋಳ ರಾಜಾದಿತ್ಯನನ್ನು ಕೊಂದ ಸುದ್ದಿ ಅದರಲ್ಲಿದೆ. ಇರಲಿ. ನನಗೆ ಬೇಕಾದವನು ಬೂತುಗನ ಆಳು ಮಣಲೇರ. ಅವನ ಕಾದಾಟಕ್ಕೆ ಒಡೆಯ ಒಲಿದು, ‘ಮೆಚ್ಚಿದೆ, ಬೇಡಿಕೊ’ ಎಂದ. ಮಣಲೇರ ಬೇಡಿದ್ದು ಕಾಳಿ ಎಂಬ ಬೇಟೆನಾಯಿಯನ್ನು!

ಆಮೇಲೆ ಬೆಳತೂರಿನ ಪಡುವಣ ದಿಣ್ಣೆಯಲ್ಲಿ ಕಾಳಿಯನ್ನು ದೊಡ್ಡದೊಂದು ಹಂದಿಯ ಮೇಲೆ ಬಿಟ್ಟರು. ಎರಡೂ ಒಟ್ಟಿಗೆ ಸತ್ತವು. ಕಾಳಿಯ ನೆನಪಿಗೆ ಚಲ್ಲೇಶ್ವರನ ಗುಡಿಯ ಮುಂದೆ ಕಲ್ಲು ನೆಟ್ಟು, ಹಿರಿಯ ಕೆರೆಯ ಕೆಳಗೆ ಎರಡು ಕಂಡುಗ ಭೂಮಿ ಬಿಟ್ಟರು. ಒಂದು ನಾಯಿಗೆ ಇಷ್ಟೊಂದಾ ಎಂದು ಯಾರಾದರೂ ಕೇಳಿದ್ದರೊ ಏನೊ, ಕಲ್ಲಿನಲ್ಲಂತೂ ಅದಿಲ್ಲ.

ಈಗ ಕೇಳುತ್ತೇವೆ. ಮನೆಯ ನಾಯಿ ಸತ್ತ ದಿನ ರಜೆಚೀಟಿಯಲ್ಲಿ ‘ಜ್ವರ’ ಎಂದು ಬರೆಯುವವರಿದ್ದಾರೆ. ನಾನೂ ಹಾಗೆ ಬರೆದವನೇ. ಅತ್ತಿದ್ದಕ್ಕಿಂತ, ಅತ್ತದ್ದು ಗೊತ್ತಾದೀತೆಂಬ ನಾಚಿಕೆಯೇ ಹೆಚ್ಚು ಕಾಡಿತ್ತು. ಹೀಗೆ ನಾಲ್ಕು ಜನ ದುಃಖವೆಂದೇ ಒಪ್ಪದ ದುಃಖಕ್ಕೆ ಅಮೆರಿಕದ ವಿದ್ವಾಂಸ ಕೆನೆತ್ ಡೋಕಾ 1989ರ ಪುಸ್ತಕವೊಂದರಲ್ಲಿ ಹೆಸರು ಕೊಟ್ಟರು. ‘ಹಕ್ಕು ಕಳೆದುಕೊಂಡ ದುಃಖ’ ಎಂದು ನಾವು ಅದನ್ನು ಕರೆಯಬಹುದು. ಸಾಕುಪ್ರಾಣಿಯ ಸಾವೂ ಅದರೊಳಗೇ ಬರುತ್ತದೆ.

ಈ ನಂಟು ಬರೀ ಮನಸ್ಸಿನದಲ್ಲ, ಮೈಯದೂ ಹೌದು. 2015ರಲ್ಲಿ ಜಪಾನಿನ ವಿಜ್ಞಾನಿಗಳು ನಾಯಿ ಮತ್ತು ಅದರ ಒಡೆಯರನ್ನು ಒಂದೇ ಕೋಣೆಯಲ್ಲಿ ಬಿಟ್ಟು, ಇಬ್ಬರ ಮೂತ್ರವನ್ನೂ ಪರೀಕ್ಷಿಸಿದರು. ಹೆಚ್ಚು ಹೊತ್ತು ಕಣ್ಣಲ್ಲಿ ಕಣ್ಣಿಟ್ಟ ಜೋಡಿಗಳಲ್ಲಿ ಆಕ್ಸಿಟೋಸಿನ್ ಏರಿತ್ತು, ತಾಯಿ ಮಗುವಿನ ಒಲವಿನಲ್ಲಿ ಕೆಲಸ ಮಾಡುವ ಅದೇ ರಸ. ಮನುಷ್ಯರೇ ಸಾಕಿದ ತೋಳಗಳಲ್ಲಿ ಹೀಗಾಗಲಿಲ್ಲ. ನೋಟದ ಈ ಬಳಕೆ ನಾಯಿಗೆ ನಮ್ಮ ಜೊತೆ ಬಾಳಿ ಬಂದದ್ದು ಎನ್ನುತ್ತಾರೆ.

ಕುವೆಂಪು ಅವರಿಗೆ ಇದನ್ನು ಯಾರೂ ಅಳೆದು ಹೇಳಬೇಕಿರಲಿಲ್ಲ. ‘ಮಲೆಗಳಲ್ಲಿ ಮದುಮಗಳು’ ಕಾದಂಬರಿಯ ಗುತ್ತಿಯನ್ನು ಊರವರು ಕರೆಯುವುದೇ ನಾಯಿಗುತ್ತಿ ಎಂದು. ಅವನೆಲ್ಲೋ ಅಲ್ಲಿ ಅವನ ನಾಯಿ ಹುಲಿಯ. ಕೊನೆಗೆ ತುಂಗೆಯ ನೆರೆಯಲ್ಲಿ ಹುಲಿಯ ಕೊಚ್ಚಿಹೋಗುವ ಪುಟ ಬಂದಾಗ ಓದು ನಿಲ್ಲಿಸಿ ಪುಸ್ತಕ ಮಡಚಿಟ್ಟವರನ್ನು ನಾನು ಬಲ್ಲೆ. ಹೊಸ ಬಾಳಿನ ಕಡೆಗೆ ಹೊರಟವರ ಕಣ್ಣೆದುರೇ ಆ ಸಾವು. ಅದಕ್ಕೆ ಕಲ್ಲು ನೆಡುವಷ್ಟು ನೆಲವೂ ಗುತ್ತಿಯ ಬಳಿ ಇರಲಿಲ್ಲ.

ಮಣಲೇರನ ಬಳಿ ಇತ್ತು, ನೆಟ್ಟ. ನೆಟ್ಟು ಸುಮ್ಮನಾಗದೆ ಒಂದು ಕಟ್ಟಳೆಯನ್ನೂ ಬರೆಸಿದ. ಆ ಗುಡಿಯ ಗೊರವ, ಅಂದರೆ ಶಿವನ ಪೂಜಾರಿ, ಈ ಕಲ್ಲನ್ನು ಪೂಜಿಸದೆ ಉಂಡರೆ, ನಾಯಿ ಮಾಡಿದ ಪಾಪವೆಲ್ಲ ಅವನ ತಲೆಗೆ ಬರಬೇಕು. ಪಾಪ, ಆ ಕಾಳಿ ಏನು ಪಾಪ ಮಾಡಿತ್ತೊ, ಶಾಸನದಲ್ಲಿ ಬರೆದಿಲ್ಲ.