ಮುರ್ನೌ ಮಾಡಿದ ಸಾಲದ ಕಾಮಿಡಿ

ಜರ್ಮನಿಯ ಮೂಕಿ ಚಿತ್ರಗಳ ನಿರ್ದೇಶಕ ಮುರ್ನೌ ಅಂದ ತಕ್ಷಣ ಎಲ್ಲರ ಬಾಯಲ್ಲೂ ಬರೋದು 1922ರ ರಕ್ತಪಿಶಾಚಿ ಚಿತ್ರ 'ನೊಸ್ಫೆರಾಟು'. ಅದೇ ನಿರ್ದೇಶಕರ ಹಾಸ್ಯಚಿತ್ರವೊಂದು 1924ರ ಜನವರಿಯಲ್ಲಿ ಬಂತು, 'ಡಿ ಫಿನಾಂಟ್ಸೆನ್ ಡೆಸ್ ಗ್ರೋಸ್‌ಹೆರ್ಟ್ಸೋಗ್ಸ್'. ಗ್ರ್ಯಾಂಡ್ ಡ್ಯೂಕನ ಹಣಕಾಸಿನ ಕಥೆ. ಮುರ್ನೌ ಎಡವಿದ ಸಿನಿಮಾ ಅಂತ ಇದನ್ನು ಬದಿಗೆ ಸರಿಸೋರೇ ಜಾಸ್ತಿ. ನಾನು ಒಪ್ಪಲ್ಲ.

ಅಬಾಕ್ಕೊ ಅನ್ನೋ ಪುಟ್ಟ ದ್ವೀಪರಾಜ್ಯ. ದೊರೆಗೆ ಮೈತುಂಬ ಸಾಲ. ಬಿನ್‌ಟ್ಸರ್ ಅನ್ನೋ ಉದ್ಯಮಿಗೆ ಅಲ್ಲಿನ ಗಂಧಕ ಬೇಕು, ದೊರೆ ಕೊಡಲ್ಲ. ರಷ್ಯದ ರಾಜಕುಮಾರಿ ಓಲ್ಗಾ ದೊರೆಯನ್ನು ಮದುವೆಯಾಗೋಕೆ ಒಪ್ಪಿ ಬರೆದ ಪತ್ರ ಕೈತಪ್ಪುತ್ತೆ. ಫಿಲಿಪ್ ಕಾಲಿನ್ಸ್ ಅನ್ನೋ ಠಾಕುಠೀಕು ಕಳ್ಳ ನಡುವೆ ಬರ್ತಾನೆ. ಇಲ್ಲಿ ರಾಜ್ಯದ ಹಣೆಬರಹ ಇರೋದು ಕಾಗದದಲ್ಲಿ. ಹಾಗಾಗಿ ಪ್ರತಿ ದೃಶ್ಯದಲ್ಲೂ ಕಾಗದ ಯಾರ ಕೈಲಿದೆ ಅಂತ ನೋಡ್ತಾ ಹೋಗಿ. ಓಲ್ಗಾಳನ್ನು ಅಟ್ಟಿಸಿಕೊಂಡು ಬರೋ ಮಧ್ಯಭಾಗ ನಿಜಕ್ಕೂ ಸಿಕ್ಕುಸಿಕ್ಕು, ಅಲ್ಲೂ ದಾರಿ ತಪ್ಪಲ್ಲ.

ಚಿತ್ರೀಕರಣ ನಡೆದ ವರ್ಷ ನೆನಪಿಡಿ, 1923. ಜರ್ಮನಿಯ ಹಣ ಪಾತಾಳಕ್ಕಿಳಿದ ವರ್ಷ. ನವೆಂಬರಿನಲ್ಲಿ ಬಂದ ಒಂದು ಹೊಸ ರೆಂಟೆನ್‌ಮಾರ್ಕ್‌ಗೆ ಹಳೆಯ ಮಾರ್ಕ್ ಒಂದು ಲಕ್ಷ ಕೋಟಿ! ಸರ್ಕಾರವನ್ನು ನಂಬಿ ಬಾಂಡ್ ಕೊಂಡವರ ಉಳಿತಾಯ ನೀರುಪಾಲಾಗಿತ್ತು. ಎರಡೇ ತಿಂಗಳಲ್ಲಿ ಅದೇ ಜನರ ಮುಂದೆ, ಸಾಲಗಾರ ದೊರೆಯೇ ಹೀರೋ. ಆ ಧೈರ್ಯ ನನಗೆ ತುಂಬ ಇಷ್ಟ.

ಸಾಲ ಕೊಡೋ ಮಾರ್ಕೋವಿಟ್ಸ್ ಪಾತ್ರ ಮಾತ್ರ ಯಹೂದಿ ಲೇವಾದೇವಿಗಾರನ ಹಳಸಲು ಅಚ್ಚು. ಅದನ್ನು ಸಮರ್ಥಿಸೋಕಾಗಲ್ಲ.

ಕ್ಯಾಮರಾ ಕಾರ್ಲ್ ಫ್ರಾಯ್ಂಡ್ ಮತ್ತು ಫ್ರಾಂಟ್ಸ್ ಪ್ಲಾನರ್ ಅವರದು. ಈಗಿನ ಕ್ರೊಯೇಷಿಯಾ ಕಡೆಯ ಡಾಲ್ಮೇಶಿಯಾ ಕರಾವಳಿಯ ಬಿಸಿಲು, ಕಲ್ಲಿನ ಊರುಗಳು. ಅಬಾಕ್ಕೊದ ಪಿತೂರಿಗಾರರಲ್ಲಿ ಒಬ್ಬನ ಪಾತ್ರ ಮಾಕ್ಸ್ ಶ್ರೆಕ್‌ದು, ಎರಡು ವರ್ಷದ ಹಿಂದೆ 'ನೊಸ್ಫೆರಾಟು'ದಲ್ಲಿ ಸೂರ್ಯನ ಬೆಳಕು ಬಿದ್ದು ಕರಗಿಹೋದ ಅದೇ ರಕ್ತಪಿಶಾಚಿ! ಆ ಮುಖ ಹುಡುಕಿ ನೋಡಿ.

ಪ್ರಿಂಟ್ ವಿಷಯದಲ್ಲಿ ಹುಷಾರು. ಮೂಕಿ ಚಿತ್ರಗಳಿಗೆ ಸೆಕೆಂಡಿಗೆ ಇಷ್ಟೇ ಫ್ರೇಮ್ ಅನ್ನೋ ಒಂದೇ ಲೆಕ್ಕ ಇರಲಿಲ್ಲ. 18 ಫ್ರೇಮಿನಲ್ಲಿ 80 ನಿಮಿಷ ಓಡೋ ಚಿತ್ರ 24ಕ್ಕೆ ಹಾಕಿದರೆ 60 ನಿಮಿಷಕ್ಕೇ ಮುಗಿಯುತ್ತೆ. ಕಾಲಿನ್ಸ್ ಆಗಿರೋ ಆಲ್‌ಫ್ರೆಡ್ ಆಬೆಲ್ ಹುಬ್ಬು, ಬೆರಳಲ್ಲೇ ನಟಿಸೋರು. ವೇಗ ಹೆಚ್ಚಾದರೆ ಮೊದಲು ಹಾಳಾಗೋದು ಅವರ ನಟನೆಯೇ. ಜನ ಕುಣಿದಂಗೆ ಓಡಾಡ್ತಿದ್ದರೆ ಪ್ಲೇಯರಿನ ಸ್ಪೀಡ್ 0.75ಕ್ಕೆ ಇಳಿಸಿ ನೋಡಿ.