ಖಣಕ್ಕ ಎಕ್ಸ್ ಇಟ್ಟರ ಸೀರಿಗೆ ಎಷ್ಟು?

ಸ್ಕ್ರೀನ್ ಮ್ಯಾಲ ಕಾಣಾಕತ್ತಿರೂದು ಗುಳೇದಗುಡ್ಡದ ಖಣ (ಕುಪ್ಪಸದ ಬಟ್ಟಿ), ಅದರ ಬಾಜೂಕ ಇಳಕಲ್ ಸೀರಿ. ಎರಡೂ ನಮ್ಮ ಬಾಗಲಕೋಟಿ ಜಿಲ್ಲಾದ್ದು. ಇವುಗಳ ಮ್ಯಾಲ ಒಂದು ಹೇಳಿಕೆ ಲೆಕ್ಕ ಬಿಡಸೂಣು. ರೇಟು ಲೆಕ್ಕಕ್ಕಷ್ಟ ಹಿಡದದ್ದು, ಅಂಗಡ್ಯಾಗ ಇದನ್ನ ಹೇಳಿ ಚೌಕಾಸಿ ಮಾಡಬ್ಯಾಡ್ರಿ ಮತ್ತ.

"ಸೀರಿ ರೇಟು ಖಣದ ರೇಟಿನ ಐದು ಪಟ್ಟಿಗಿಂತ 100 ರೂಪಾಯಿ ಜಾಸ್ತಿ. ಎರಡೂ ಕೂಡಿ 2500 ರೂಪಾಯಿ. ಒಂದೊಂದರ ರೇಟೆಷ್ಟು?"

ಎಕ್ಸ್ ಯಾವುದಕ್ಕ ಇಡೂದು? ಯಾವುದರ ಜೋಡಿ ಹೋಲಿಸ್ಯಾರೋ ಅದಕ್ಕ. ಇಲ್ಲಿ ಖಣಕ್ಕ. ವಹಿಯೊಳಗ ಪೂರಾ ಬರೀರಿ: ಒಂದು ಖಣದ ರೇಟು ಎಕ್ಸ್ ರೂಪಾಯಿ ಆಗಿರಲಿ. ಈ ಸಾಲು ಬಿಟ್ಟವರು ಕಡೀಕ 400 ಅಂತ ಉತ್ತರ ತಂದು, ಅದನ್ನ ಸೀರಿ ಮುಂದ ಬರದು ಬರ್ತಾರ. ಸಮೀಕರಣ ಬರೋಬ್ಬರಿ, ಉತ್ತರ ಉಲ್ಟಾ.

ಐದು ಪಟ್ಟು ಅಂದ್ರ 5ಎಕ್ಸ್. ಅದಕ್ಕಿಂತ 100 ಜಾಸ್ತಿ ಅಂದ್ರ 5ಎಕ್ಸ್ + 100. ಇಲ್ಲೇ ಭಾಳ ಹುಡುಗ್ರು 5(ಎಕ್ಸ್ + 100) ಅಂತ ಆವರಣ ಹಾಕ್ತಾರ. ಹಂಗ ಮಾಡಿದ್ರ 100 ಹೋಗಿ 500 ಆಗತೈತಿ, ಖಣದ ರೇಟು 333 ರೂಪಾಯಿ ಚಿಲ್ಲರ ಬರತೈತಿ.

ಇನ್ನ "ಎರಡೂ ಕೂಡಿ" ಅನ್ನೂದನ್ನ ಹಿಡೀರಿ. ಬರೊಬ್ಬರಿ ಚಿನ್ನೆ (=) ಹುಟ್ಟೂದು ಅಲ್ಲೇ.

ಎಕ್ಸ್ + 5ಎಕ್ಸ್ + 100 = 2500
6ಎಕ್ಸ್ = 2400
ಎಕ್ಸ್ = 400

ಖಣ 400, ಸೀರಿ 2100.

ವಯಸ್ಸಿನ ಲೆಕ್ಕ ಇದಕ್ಕಿಂತ ಖೋಡಿ. "ಅವ್ವನ ವಯಸ್ಸು ಮಗಳ ವಯಸ್ಸಿನ ನಾಲ್ಕು ಪಟ್ಟು. 5 ವರ್ಷ ಆದ ಮ್ಯಾಲ ಮೂರು ಪಟ್ಟು." ಎರಡು ಕಾಲ ಐತಿ, ಅದಕ್ಕ ಎರಡು ಸಾಲು ಬೇಕು. ಈಗ: ಮಗಳು ಎಕ್ಸ್, ಅವ್ವ 4ಎಕ್ಸ್. 5 ವರ್ಷಕ್ಕ: ಮಗಳು ಎಕ್ಸ್ + 5, ಅವ್ವ 4ಎಕ್ಸ್ + 5. ವರ್ಷ ಇಬ್ಬರಿಗೂ ಏರತಾವ. ಸಮೀಕರಣ ಎರಡನೇ ಸಾಲಿನಿಂದ:

4ಎಕ್ಸ್ + 5 = 3(ಎಕ್ಸ್ + 5)

ಎಕ್ಸ್ = 10. ಮಗಳಿಗೆ 10, ಅವ್ವಗ 40. ಇಲ್ಲಿ ಮಾತ್ರ ಆವರಣ ಬೇಕಽ ಬೇಕು, ಮರತು 3ಎಕ್ಸ್ + 5 ಬರದ್ರ ಮಗಳ ವಯಸ್ಸು ಸೊನ್ನೆ!

ಅಂಥಾ ತಪ್ಪು ಕಣ್ಣಿಗೆ ಬೀಳತೈತಿ. ಬೀಳದ ತಪ್ಪು ಬ್ಯಾರೆ: ಅವ್ವಗ 5 ಕೂಡಸೂದು ಬಿಟ್ಟು 4ಎಕ್ಸ್ = 3(ಎಕ್ಸ್ + 5) ಬರದ್ರ 15 ಮತ್ತ 60 ಬರತಾವ. ನೋಡಾಕ ಛಲೋ ಐತಿ, ಆ ಸಮೀಕರಣದಾಗ ಹಾಕಿದ್ರೂ ತಾಳೆ ಆಗತೈತಿ. ಅದಕ್ಕ ತಾಳೆ ನೋಡೂದು ಪ್ರಶ್ನೆಯೊಳಗಿನ ಮಾತಿನ ಜೋಡಿ. 5 ವರ್ಷಕ್ಕ ಮಗಳಿಗೆ 20, ಅವ್ವಗ 65. ಇಪ್ಪತ್ತರ ಮೂರು ಪಟ್ಟು 60, 65 ಅಲ್ಲ.